ಡಾಕ್ಟರ್ ವಾಡನ್ ಬೇಡವೆಂದ ಮದ್ದು

ಏಪ್ರಿಲ್ ತಿಂಗಳ ಮೂರನೆಯ ಸೋಮವಾರ ಬೆಳಗ್ಗೆ ಸೇಂಟ್ ಜಾನ್ಸ್ ನಗರದ ಪೊಲೀಸ್ ಠಾಣೆಗೆ ಒಂದು ದೂರು ಬಂತು. ದೂರುದಾರ ಲಿಯಾಂಡರ್ ಪಡಿಸ್ಟರ್. ಏಡಿ ಹಿಡಿಯುವ ದೋಣಿಯಲ್ಲಿ ಕೆಲಸ, ಊರು ದಕ್ಷಿಣ ತೀರದ ಟಿಲ್ಟ್ ಹಾರ್ಬರ್. ಅವನ ಜೊತೆ ಅವನ ಹೆಂಡತಿಯ ಅಕ್ಕ ಕೋಲೆಟ್ ಡಾಲ್ಟನ್ ಬಂದಿದ್ದಳು. ಲಿಯಾಂಡರ್ ಕೂರಲಿಲ್ಲ. ಕೋಲೆಟ್ ಕೂತಳು, ಕೋಟು ಬಿಚ್ಚಲಿಲ್ಲ.

ದೂರು ತೆಗೆದುಕೊಳ್ಳುವ ಸರದಿ ಆ ದಿನ ಡಿಟೆಕ್ಟಿವ್ ಸಾರ್ಜೆಂಟ್ ಸೆಲ್ಬಿ ನೋಸ್‌ವರ್ದಿಯದು. ಐವತ್ತು ದಾಟಿದ, ಅವಸರವೆಂದರೆ ಆಗದ ಮನುಷ್ಯ. ಎದುರಿಗಿದ್ದವನು ಕೂಗಾಡಿ ಮುಗಿಸುವವರೆಗೆ ಪೆನ್ನು ಎತ್ತುವ ಅಭ್ಯಾಸ ಅವನಿಗಿರಲಿಲ್ಲ.

"ಯಾರ ಮೇಲೆ ದೂರು?"

"ಡಾಕ್ಟರ್ ವಾಡನ್ ಮೇಲೆ. ಆಪರೇಷನ್‌ಗೆ ಮುಂಚೆ ಪ್ರಜ್ಞೆ ತಪ್ಪಿಸ್ತಾರಲ್ಲ, ಅವ್ರು."

"ಏನು ಮಾಡಿದ್ರು?"

"ನನ್ನ ಹೆಂಡ್ತೀನ ಸಾಯಿಸೋಕೆ ಹೋದ್ರು. ಬರ್ಕೊಳ್ಳಿ ಹಂಗೇ."

"ಹಂಗೇ ಬರ್ಕೊಳ್ಳೋಕಾಗಲ್ಲ ಮಾರಾಯ. ಏನಾಯ್ತು ಅಂತ ಹೇಳು, ಅದನ್ನ ಬರ್ಕೋತೀನಿ."

ಲಿಯಾಂಡರ್ ಹೇಳಿದ. ಅವನ ಹೆಂಡತಿ ಜೆರಾಲ್ಡಿನ್, ಎಲ್ಲರ ಬಾಯಲ್ಲಿ ಡೀನಿ. ಟಿಲ್ಟ್ ಹಾರ್ಬರಿನ ಶಾಲೆಯಲ್ಲಿ ಟೀಚರು. ಹುಟ್ಟಿನಿಂದಲೇ ಅವಳಿಗೆ ನ್ಯೂರೋಫೈಬ್ರೊಮ್ಯಾಟೋಸಿಸ್. ನರಗಳ ಮೇಲೆ ಗಂಟು ಬೆಳೆಯುವ ಕಾಯಿಲೆ ಅದು. ತಂದೆ ಆಂಬ್ರೋಸ್ ಡಾಲ್ಟನ್‌ನಿಂದ ಬಂದದ್ದು. ಊರಿನಲ್ಲಿ ಅದಕ್ಕೆ ಇನ್ನೊಂದು ಹೆಸರಿಲ್ಲ, 'ಡಾಲ್ಟನ್ ಗಂಟು' ಎಂದೇ ಕರೆಯುವುದು. ಡೀನಿಯ ಎಡಗೆನ್ನೆಯ ಗಂಟು ಈಚಿನ ವರ್ಷಗಳಲ್ಲಿ ದವಡೆಯಿಂದ ಇಳಿದು ಕುತ್ತಿಗೆಯವರೆಗೆ ಜೋತುಬಿದ್ದಿತ್ತು. ಅದನ್ನು ತೆಗೆಯಲು ಹೋದ ಬುಧವಾರ ನಗರದ ಆಸ್ಪತ್ರೆಯಲ್ಲಿ ಶಸ್ತ್ರಚಿಕಿತ್ಸೆ ಶುರುವಾಗಿ, ಅರ್ಧಕ್ಕೇ ನಿಂತಿತು. ಅಂದಿನಿಂದ ಡೀನಿಗೆ ಪ್ರಜ್ಞೆ ಬಂದಿಲ್ಲ.

"ನನ್ನ ಚಿಕ್ಕಪ್ಪನ ಮಗ ಅಲ್ಲಿ ಸ್ಟ್ರೆಚರ್ ತಳ್ತಾನೆ. ಬಾಗಿಲ ಹತ್ರಾನೇ ಇದ್ನಂತೆ," ಎಂದ ಲಿಯಾಂಡರ್. "ಡೀನಿ ಎದೆ ಕುದುರೆ ಓಡ್ದಂಗೆ ಓಡ್ತಿತ್ತು. ಅದನ್ನ ಇಳಿಸೋ ಮದ್ದು ಒಬ್ಬ ನರ್ಸು ಸಿರಿಂಜಿಗೆ ತುಂಬ್ಕೊಂಡು ನಿಂತಿದ್ದ. ಈ ಡಾಕ್ಟ್ರು ಅವನ ಕೈ ಹಿಡ್ಕೊಂಡು ಬೇಡ ಅಂದ್ರಂತೆ. ಅದೂ ಅಲ್ದೆ, ಪ್ರಜ್ಞೆ ತಪ್ಪಿಸೋಕೂ ಮುಂಚೆ, ಎಚ್ಚರ ಇರ್ಬೇಕಾದ್ರೇನೇ ಗಂಟಲೊಳಗೆ ಕೊಳವೆ ಇಳಿಸಿದ್ದಾರೆ. ದನಕ್ಕೂ ಹಂಗೆ ಮಾಡಲ್ಲ ಯಾರೂ."

ನೋಸ್‌ವರ್ದಿ ಕೋಲೆಟ್ ಕಡೆ ತಿರುಗಿದ. "ನಿಮಗೇನಾದ್ರೂ ಸೇರಿಸೋದಿದ್ಯಾ ಅಮ್ಮ?"

"ಇಲ್ಲ," ಎಂದಳು ಅವಳು. "ಅವನು ಹೇಳಿದ್ದೇ."

ದೂರು ದಾಖಲಾಯಿತು. ಸಹಿ ಹಾಕುವಾಗ ಲಿಯಾಂಡರ್ ಪೆನ್ನು ಒತ್ತಿದ ಬಿರುಸಿಗೆ ಕಾಗದ ಹರಿಯಿತು. ಇನ್ನೊಂದು ಪ್ರತಿ ತೆಗೆಯಬೇಕಾಯಿತು.

ಅದೇ ಮಧ್ಯಾಹ್ನ ನೋಸ್‌ವರ್ದಿಯೂ ಕಾನ್‌ಸ್ಟೇಬಲ್ ರೋಂಡಾ ಕ್ರಿಚ್ಚಳೂ ಆಸ್ಪತ್ರೆಗೆ ಹೋದರು. ಶಸ್ತ್ರಚಿಕಿತ್ಸೆಯ ಕೋಣೆಯ ಮಹಜರು ನಡೆಯಿತು. ಅಂದು ಬಳಸಿದ ಮದ್ದಿನ ಸೀಸೆಗಳನ್ನು ಆಸ್ಪತ್ರೆಯವರು ತಾವಾಗಿಯೇ ಎತ್ತಿಟ್ಟಿದ್ದರು; ಎಲ್ಲವನ್ನೂ ಚೀಲಕ್ಕೆ ಹಾಕಿ ಮೊಹರು ಮಾಡಿದರು. ಯಂತ್ರದ ನೆನಪಿನಲ್ಲಿದ್ದ ರಕ್ತದೊತ್ತಡದ ಗೆರೆಗಳ ಪ್ರತಿಯನ್ನೂ ಪಡೆದರು. ಆ ಗೆರೆ ಒಂದು ಕಡೆ ಬಂಡೆಯ ಹಾಗೆ ನೆಟ್ಟಗೆ ಎದ್ದಿತ್ತು. ರೋಂಡಾ ಅದರ ಮೇಲೆ ಬೆರಳಿಟ್ಟು, "ಸಾರ್, ಇದು ಮನುಷ್ಯರದಾ?" ಎಂದು ಕೇಳಿದಳು.

ಸಿರಿಂಜು ಹಿಡಿದು ನಿಂತಿದ್ದವನು ಕ್ಲೇಟನ್ ಪೈಕ್ ಎಂಬ ನರ್ಸು. ದಪ್ಪ ಮೀಸೆ, ದಪ್ಪ ದನಿ.

"ಡಾಕ್ಟರ್ ವಾಡನ್ ನಿಮ್ಮ ಕೈ ಹಿಡಿದದ್ದು ನಿಜವಾ?"

"ನಿಜ."

"ಏನಂದ್ರು?"

"'ಕ್ಲೇಟನ್, ಆ ಮದ್ದು ಈಗ ಹೋದ್ರೆ ಇವಳು ಹೋಗ್ತಾಳೆ. ಮೊದಲು ರಕ್ತನಾಳ ಸಡಿಲ ಆಗ್ಲಿ. ಎದೆ ಆಮೇಲೆ' ಅಂದ್ರು."

"ಆ ಮದ್ದು ತುಂಬೋಕೆ ಯಾರು ಹೇಳಿದ್ದು?"

"ಯಾರೂ ಹೇಳ್ಲಿಲ್ಲ. ಎದೆಬಡಿತ ಹಂಗೆ ಏರಿದ್ರೆ ಸಾಧಾರಣವಾಗಿ ಅದನ್ನೇ ಕೊಡೋದು. ಕೈ ಅದಾಗಿಯೇ ಹೋಯ್ತು." ಪೈಕ್ ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡ. "ಸಾರ್ಜೆಂಟ್, ಅವರ ಜೊತೆ ಎಷ್ಟೋ ವರ್ಷದಿಂದ ನಿಂತಿದ್ದೀನಿ. ಸರ್ಜನ್ ಬೆವತು ಹೋಗಿದ್ದ, ನಾನು ಬೆವತು ಹೋಗಿದ್ದೆ. ಒತ್ತಡ ಇನ್ನೂರೆಪ್ಪತ್ತು ಮುಟ್ಟಿತ್ತು. ಆ ಯಮ್ಮ ಚಾಕು ಕೆಳಗಿಡಿ ಅಂದ ದನಿ ಇದ್ಯಲ್ಲ, 'ಟೀ ಆರೋಗುತ್ತೆ, ಕುಡೀರಿ' ಅಂತಾರಲ್ಲ, ಹಂಗಿತ್ತು. ಎಲ್ಲ ಕೈ ಬಿಟ್ಟಿದ್ದಾಗ ಅವರೊಬ್ರೇ ಕೈ ಬಿಡ್ಲಿಲ್ಲ."

ನೋಸ್‌ವರ್ದಿ ಹೊಗಳಿಕೆಯನ್ನು ಸಾಕ್ಷ್ಯವೆಂದು ಎಣಿಸುವವನಲ್ಲ. ಒಟ್ಟಿಗೆ ಕೆಲಸ ಮಾಡುವವರು ಒಬ್ಬರನ್ನೊಬ್ಬರು ಕಾಯುತ್ತಾರೆ. ಪೊಲೀಸರಿಗೆ ಅದು ಹೊಸದಲ್ಲ. ಮುದ್ರೆ ಹಾಕಿದ ಸಾಮಗ್ರಿಯ ವಿವರವನ್ನೂ ಶಸ್ತ್ರಚಿಕಿತ್ಸೆಯ ದಿನದ ಟಿಪ್ಪಣಿಯನ್ನೂ ಒತ್ತಡದ ಗೆರೆಗಳನ್ನೂ ಸಮುದ್ರದಾಚೆ ಹ್ಯಾಲಿಫ್ಯಾಕ್ಸಿನಲ್ಲಿದ್ದ, ಈ ಆಸ್ಪತ್ರೆಗೆ ಸಂಬಂಧವೇ ಇಲ್ಲದ ಒಬ್ಬ ಹಿರಿಯ ಅರಿವಳಿಕೆ ತಜ್ಞನಿಗೆ ಕಳಿಸಿದ. ಗುರುವಾರ ಅವನೇ ಫೋನು ಮಾಡಿದ.

"ಈ ಹೆಂಗಸು ಬದುಕಿದ್ದಾಳಾ?" ತಜ್ಞನ ಮೊದಲ ಮಾತು ಅದು.

"ಬದುಕಿದ್ದಾಳೆ. ಪ್ರಜ್ಞೆ ಇಲ್ಲ."

"ಹಾಗಾದ್ರೆ ಆ ಡಾಕ್ಟರಿಗೆ ನನ್ನ ಕಡೆಯಿಂದ ಒಂದು ನಮಸ್ಕಾರ ಹೇಳಿ. ಈ ಕಾಯಿಲೆಯವರಲ್ಲಿ ಕೆಲವರಿಗೆ ಮೂತ್ರಪಿಂಡದ ಮೇಲಿರೋ ಅಡ್ರಿನಲ್ ಗ್ರಂಥೀಲೂ ಒಂದು ಗಂಟು ಬೆಳೀತದೆ. ಹೊರಗೆ ಕಾಣಲ್ಲ. ಚಾಕು ತಾಕಿದಾಗ ಅದು ಕೆರಳಿ ಮೈಯೊಳಗಿನ ಕಿಚ್ಚೆಲ್ಲ ಒಂದೇ ಸಲ ರಕ್ತಕ್ಕೆ ಸುರೀತದೆ. ಆಗ ಎದೆಬಡಿತ ಇಳಿಸೋ ಮದ್ದನ್ನ ಮೊದಲು ಕೊಟ್ರೆ, ಬಿಗಿದುಕೊಂಡಿರೋ ನಾಳಗಳ ಎದುರು ಹೃದಯ ಸೋತು ಬಿಡ್ತದೆ. ಅವರು ಅದನ್ನ ತಡೆದದ್ದೇ ಇವಳನ್ನ ಉಳಿಸಿದ್ದು."

"ಎಚ್ಚರದಲ್ಲೇ ಕೊಳವೆ ಇಳಿಸಿದ್ದು?"

"ನಾಲಿಗೆಯ ಬುಡದಲ್ಲಿ ಗಂಟಿತ್ತಂತೆ. ಮಲಗಿಸಿ ಪ್ರಜ್ಞೆ ತಪ್ಪಿಸಿದ್ರೆ ಆ ಗಂಟು ಉಸಿರಿನ ದಾರಿ ಮುಚ್ಚಿಬಿಡ್ತಿತ್ತು. ಉಸಿರು ಅವಳ ಕೈಯಲ್ಲೇ ಇರುವಾಗ ದಾರಿ ಮಾಡ್ಕೊಂಡದ್ದು ಜಾಣತನ. ನಾನಾಗಿದ್ರೂ ಹಾಗೇ ಮಾಡ್ತಿದ್ದೆ. ಇಷ್ಟು ಸಲೀಸಾಗಿ ಆಗ್ತಿತ್ತೋ ಇಲ್ವೋ."

ದೂರಿನಲ್ಲಿದ್ದ ಎರಡು ಅಪರಾಧಗಳೂ ಹೀಗೆ ಎರಡು ಉಪಕಾರಗಳಾಗಿ ತಿರುಗಿದವು. ಕಡತ ಮುಚ್ಚಬಹುದಿತ್ತು. ಆದರೆ ಫೋನು ಇಡುವ ಮುಂಚೆ ಹ್ಯಾಲಿಫ್ಯಾಕ್ಸಿನವನು ಒಂದು ಮಾತು ಕೇಳಿದ್ದ: ಈ ಕಾಯಿಲೆಯವರಿಗೆ ಮೊದಲೇ ಮೂತ್ರ ಪರೀಕ್ಷೆ ಮಾಡಿಸುತ್ತಾರಲ್ಲ, ಇಲ್ಲಿ ಯಾಕೆ ಮಾಡಿಸಲಿಲ್ಲ?

ಆ ಪ್ರಶ್ನೆ ಹೊತ್ತುಕೊಂಡು ನೋಸ್‌ವರ್ದಿ ಡಾಕ್ಟರ್ ಮೊಯ್ರಾ ವಾಡನ್ ಅವರನ್ನು ನೋಡಲು ಹೋದ. ಅರವತ್ತರ ಅಂಚಿನ ಗಿಡ್ಡ ಹೆಂಗಸು, ನರೆಗೂದಲನ್ನು ಹುಡುಗರ ಹಾಗೆ ಕತ್ತರಿಸಿದ್ದರು. ತೀವ್ರ ನಿಗಾ ಘಟಕದಲ್ಲಿ ಡೀನಿಯ ಹಾಸಿಗೆಯ ಪಕ್ಕ ಕೂತು, ಪ್ರಜ್ಞೆಯಿಲ್ಲದವಳ ಎಡಗೈ ಬೆರಳುಗಳನ್ನು ಒಂದೊಂದಾಗಿ ಮಡಿಸಿ ಬಿಡಿಸುತ್ತಿದ್ದರು. ಪೊಲೀಸನನ್ನು ಕಂಡು ಎದ್ದರು. ಕೈ ಮಾತ್ರ ತಕ್ಷಣ ಬಿಡಲಿಲ್ಲ.

"ನಿಮ್ಮ ಮೇಲೆ ದೂರಿದೆ ಅಂತ ಗೊತ್ತಾ ಡಾಕ್ಟ್ರೇ?"

"ಗೊತ್ತು. ಆ ಹುಡುಗನ ಜಾಗದಲ್ಲಿ ನಾನಿದ್ರೂ ಕೊಡ್ತಿದ್ದೆ."

"ಮೂತ್ರ ಪರೀಕ್ಷೆ ಮಾಡಿಸಿದ್ರಾ?"

"ಮಾಡಿಸಿದ್ದೆ. ಒಂದು ಹಗಲು ಒಂದು ರಾತ್ರಿ ಹಿಡಿದಿಟ್ಟ ಅಷ್ಟೂ ಮೂತ್ರ. ಏನೂ ದೋಷ ಇಲ್ಲ ಅಂತ ಬಂತು."

"ಆದ್ರೆ ಗಂಟು ಇತ್ತು."

"ಇತ್ತು. ಆಮೇಲೆ ಸ್ಕ್ಯಾನ್ ಮಾಡಿದ್ವಿ. ಬಲಗಡೆ, ದೊಡ್ಡ ನಿಂಬೆಹಣ್ಣಿನಷ್ಟು." ಅವರು ಮಾತು ನಿಲ್ಲಿಸಿದರು. ರೋಗಿಯ ವಿಷಯ ಹೊರಗೆ ಹೇಳುವುದಕ್ಕೆ ಮಿತಿಯಿದೆಯೆಂದು ಅವರ ಮುಖ ಹೇಳುತ್ತಿತ್ತು.

"ಅಷ್ಟು ದೊಡ್ಡದಿದ್ರೆ ಮೂತ್ರದಲ್ಲಿ ಕಾಣದೆ ಇರತ್ತಾ?"

"ಅದನ್ನೇ ನಾನೂ ಯೋಚಿಸ್ತಾ ಕೂತಿದ್ದೀನಿ ಸಾರ್ಜೆಂಟ್. ಇವಳು ಏಳಲಿ. ಇವಳಿಗೆ ಒಪ್ಪಿಗೆ ಇದ್ರೆ ಮಿಕ್ಕದ್ದು ಮಾತಾಡೋಣ."

"ಏಳ್ತಾಳಾ?"

"ಏಳಿಸ್ತೀನಿ," ಎಂದರು ಡಾಕ್ಟರ್ ವಾಡನ್.

ಮುಂದಿನ ವಾರದ ಶುರುವಿನಲ್ಲಿ ಡೀನಿ ಕಣ್ಣುಬಿಟ್ಟಳು. ಎಡಗೈ ಸೋತಿತ್ತು, ಹೃದಯ ಬಳಲಿತ್ತು, ಆದರೆ ಬುದ್ಧಿ ಚುರುಕಾಗಿಯೇ ಇತ್ತು. ಕೊಳವೆ ತೆಗೆದು ಎರಡು ದಿನಕ್ಕೆ ಮಾತಾಡಿದಳು. ದನಿ ಒಡೆದ ಕೊಳಲಿನಂತಿತ್ತು. ಕೊಳವೆಯಿಂದ ಹಾಗಾಗಿದೆಯೆಂದು ನೋಸ್‌ವರ್ದಿ ಭಾವಿಸಿದ.

"ಅಯ್ಯೋ ಇಲ್ಲ," ಎಂದು ನಕ್ಕಳು ಡೀನಿ. "ಎರಡು ವರ್ಷ ಆಯ್ತು ಈ ದನಿ ಬಂದು. ಸ್ಕೂಲಲ್ಲಿ ನನ್ನ ಮಕ್ಕಳು ಕಪ್ಪೆ ಟೀಚರ್ ಅಂತಾರೆ. ಆಪರೇಷನ್ ದಿನ ಬೆಳಗ್ಗೆ ಡಾಕ್ಟ್ರು ಬಂದು, ಒಂದು ಹಾಡು ಹೇಳಮ್ಮ ಅಂದ್ರು. ಹಾಡಿದೆ. ಪಾಪ, ಮುಖ ಸಣ್ಣಗಾಯ್ತು ಅವರದು. ಆಮೇಲೆ ಮಲಗು ಅಂದ್ರು, ಕೂರು ಅಂದ್ರು, ನಾಲಿಗೆ ಎಳೆದು ನೋಡಿದ್ರು. 'ಡೀನಿ, ನಿನ್ನ ಗಂಟಲಲ್ಲಿ ಒಬ್ಬ ಬಾಡಿಗೆದಾರ ಇದ್ದಾನೆ, ಅವನನ್ನ ಎಬ್ಬಿಸದೆ ಒಳಗೆ ಹೋಗ್ಬೇಕು' ಅಂದ್ರು."

"ನೋವಾಯ್ತಾ? ಕೊಳವೆ ಇಳಿಸಬೇಕಾದ್ರೆ?"

"ಮರಗಟ್ಟೋ ಮದ್ದು ಸಿಂಪಡಿಸಿದ್ರು. ಇರುವೆ ಹರಿದಂಗೆ ಆಯ್ತು, ಅಷ್ಟೆ. ಅಷ್ಟು ಹೊತ್ತೂ ಅವರ ತಾತ ಸೀಲ್ ಬೇಟೆಗೆ ಹೋಗಿ ಪ್ಯಾಂಟ್ ಕಳ್ಕೊಂಡ ಕತೆ ಹೇಳ್ತಾ ಇದ್ರು. ನಗೋಕಾಗ್ತಿರ್ಲಿಲ್ಲ ನಂಗೆ, ಅದೇ ಕಷ್ಟ ಆಗಿದ್ದು."

ಬಾಗಿಲ ಬಳಿ ನಿಂತಿದ್ದ ಲಿಯಾಂಡರ್ ನೆಲ ನೋಡಿದ. ಆ ಸಂಜೆಯೇ ಅವನು ಠಾಣೆಗೆ ಬಂದು ದೂರು ವಾಪಸು ತೆಗೆದುಕೊಳ್ಳುತ್ತೇನೆಂದ. ನೋಸ್‌ವರ್ದಿ ತಲೆಯಾಡಿಸಿ, "ಈಗ ಅದು ನಿನ್ನ ಕೈಯಲ್ಲಿಲ್ಲ ಮಾರಾಯ," ಎಂದ. ಅಷ್ಟರಲ್ಲಿ ಅವನ ತಲೆಯಲ್ಲಿ ಬೇರೊಂದು ಹುಳ ಹೊಕ್ಕಿತ್ತು.

ಡೀನಿ ಒಪ್ಪಿಗೆ ಕೊಟ್ಟಳು. ಡಾಕ್ಟರ್ ವಾಡನ್ ಮಿಕ್ಕದ್ದನ್ನು ಹೇಳಿದರು. ಶಸ್ತ್ರಚಿಕಿತ್ಸೆಗೆ ಎರಡು ವಾರ ಮುಂಚೆ ಆಸ್ಪತ್ರೆಯಿಂದ ರೋಗಿಗೆ ಫೋನು ಮಾಡಿ ಪ್ರಶ್ನೆ ಕೇಳುವ ಪದ್ಧತಿಯಿದೆ. ಇದ್ದಕ್ಕಿದ್ದಂತೆ ತಲೆಸಿಡಿತ ಬರುತ್ತದೆಯೇ, ಬೆವರು, ಎದೆ ಹೊಡೆದುಕೊಳ್ಳುವುದು, ದನಿ ಬದಲಾದದ್ದು, ಮಲಗಿದರೆ ಉಸಿರು ಕಟ್ಟುವುದು? ಎಲ್ಲದಕ್ಕೂ ಇಲ್ಲವೆಂಬ ಉತ್ತರ ಬಂದಿತ್ತು.

"ನನಗೆ ಯಾರೂ ಫೋನ್ ಮಾಡ್ಲಿಲ್ಲ," ಎಂದಳು ಡೀನಿ. "ಬೆವರಾ? ಅಡುಗೆಮನೇಲಿ ನಿಂತಿದ್ದಂಗೇ ನೀರಲ್ಲಿ ಮುಳುಗಿ ಎದ್ದಂಗೆ ಬೆವರ್ತೀನಿ. ಎದೆ ಬಾಯಿಗೆ ಬರುತ್ತೆ. ಆಮೇಲೆ ಹೋಗುತ್ತೆ."

"ಡಾಕ್ಟರಿಗೆ ಯಾಕೆ ಹೇಳಿರ್ಲಿಲ್ಲ?"

"'ಹೆದರಿಕೆ ಕಣೆ, ಎಲ್ಲರಿಗೂ ಆಪರೇಷನ್ ಅಂದ್ರೆ ಹಂಗೇ ಆಗೋದು' ಅಂತ ಕೋಲೆಟ್ ಹೇಳ್ತಿದ್ಲು. ನಾನೂ ನಂಬ್ಕೊಂಡೆ."

ಆ ಫೋನು ಮಾಡಿದವನು ಕ್ಲೇಟನ್ ಪೈಕನೇ. ನೋಸ್‌ವರ್ದಿ ಅವನನ್ನು ಮತ್ತೆ ಕರೆಸಿದ.

"ಫೋನಲ್ಲಿ ಮಾತಾಡಿದ ಹೆಂಗಸಿನ ದನಿ ಹೇಗಿತ್ತು?"

"ಚೆನ್ನಾಗಿತ್ತು. ಗಂಟೆ ಹೊಡೆದಂಗೆ."

"ಒಡಕು?"

"ಇಲ್ವೇ ಇಲ್ಲ." ಪೈಕ್‌ನ ಮೀಸೆ ನಿಧಾನವಾಗಿ ಕೆಳಗಿಳಿಯಿತು. "ಅಯ್ಯೋ ದೇವರೇ."

ಟಿಲ್ಟ್ ಹಾರ್ಬರಿಗೆ ಹೋಗುವ ದಾರಿಯಲ್ಲಿ ರೋಂಡಾ ಕಾರು ಓಡಿಸಿದಳು. ಬಂಜರು ಬಯಲಿನಲ್ಲಿ ಹಳೇ ಹಿಮ ತೇಪೆ ತೇಪೆಯಾಗಿ ಉಳಿದಿತ್ತು.

"ಗಂಡಾನೇ ಇರ್ಬೇಕು ಸಾರ್. ಯಾವಾಗ್ಲೂ ಗಂಡನೇ."

"ಗಂಡಸಿನ ದನಿ ಗಂಟೆ ಹೊಡೆದಂಗಿರತ್ತಾ?"

"ನಮ್ಮ ಮಾವನದು ಹಂಗೇ ಇದೆ. ಚರ್ಚಲ್ಲಿ ಹೆಂಗಸರ ಸಾಲಲ್ಲಿ ನಿಲ್ಲಿಸ್ತಾರೆ."

ನೋಸ್‌ವರ್ದಿ ನಗಲಿಲ್ಲ. ಅವನಿಗೆ ನಗು ಬಂದಾಗ ಕಿವಿ ಕೆಂಪಾಗುತ್ತಿತ್ತು. ರೋಂಡಾ ಕನ್ನಡಿಯಲ್ಲಿ ಕಿವಿ ನೋಡಿ ತೃಪ್ತಿಪಟ್ಟಳು.

ಊರಿನಲ್ಲಿ ಕೇಳಬೇಕಾದ್ದು ಸ್ವಲ್ಪವೇ ಇತ್ತು, ಹೇಳುವವರು ಬೇಕಾದಷ್ಟಿದ್ದರು. ಕೊಲ್ಲಿಯ ಆ ಮೂಲೆಗೆ ಮೊಬೈಲ್ ಸಿಗುವುದಿಲ್ಲ. ಹೀಗಾಗಿ ಡೀನಿ ಆಸ್ಪತ್ರೆಗೆ ಕೊಟ್ಟಿದ್ದು ಪಕ್ಕದ ಮನೆಯ, ಅಂದರೆ ಅಕ್ಕನ ಮನೆಯ ನಂಬರು. ಲಿಯಾಂಡರ್ ಆ ದಿನಗಳಲ್ಲಿ ದೋಣಿಯನ್ನು ಸಜ್ಜು ಮಾಡಲು ಬೇರೆ ಬಂದರಿಗೆ ಹೋಗಿದ್ದ. ಅವನ ನಾಯಕನೂ ಜೊತೆಗಾರರೂ ಅದನ್ನು ಹೇಳಿಕೆಯಲ್ಲಿ ಖಚಿತಪಡಿಸಿದರು. ಮೂತ್ರದ ಡಬ್ಬಿಯನ್ನು ನಗರಕ್ಕೆ ಒಯ್ದು ಕೊಟ್ಟವಳು ಕೋಲೆಟ್. ಅವಳು ದಿನವೂ ನಗರದ ಒಂದು ವೃದ್ಧಾಶ್ರಮದ ಅಡುಗೆಮನೆಗೆ ಕೆಲಸಕ್ಕೆ ಹೋಗುವವಳು. ತಾಯಿ ಸತ್ತಾಗ ಡೀನಿಗೆ ಆರು ವರ್ಷ, ಕೋಲೆಟ್‌ಗೆ ಹತ್ತೊಂಬತ್ತು. ಆಂಬ್ರೋಸ್ ಅದರ ಮರುವರ್ಷ ಸಮುದ್ರದಲ್ಲಿ ಹೋದ. ಅಂದಿನಿಂದ ಅಕ್ಕನೇ ತಾಯಿ. ಮದುವೆಯಾಗಲಿಲ್ಲ. ಡಾಲ್ಟನ್ ಗಂಟು ಅವಳಿಗೆ ಒಂದೂ ಇಲ್ಲ.

ಕೋಲೆಟ್ ಪೊಲೀಸರಿಗೆ ಟೀ ಮಾಡಿದಳು, ಡಬ್ಬಿ ಹಾಲು ಹಾಕಿ, ಬಿಸಿ ಬ್ರೆಡ್ಡಿಗೆ ಕಾಕಂಬಿ ಸವರಿ ಕೊಟ್ಟಳು.

"ಆಸ್ಪತ್ರೆಯಿಂದ ಫೋನ್ ಬಂದಿತ್ತಾ?"

"ಬಂದಿರ್ಬಹುದು. ನೆನಪಿಲ್ಲ."

"ಡಬ್ಬಿ ಎಲ್ಲೂ ಇಳಿಸದೆ ನೇರ ಆಸ್ಪತ್ರೆಗೇ ಒಯ್ದ್ರಾ?"

"ನೇರ."

"ಒಳಗಿದ್ದದ್ದು ಡೀನಿಯದೇ?"

ಅವಳು ಕೆಟಲ್ ಎತ್ತಿ ಅವನ ಲೋಟಕ್ಕೆ ಮತ್ತೆ ಸುರಿದಳು. ಲೋಟ ಆಗಲೇ ತುಂಬಿತ್ತು.

"ಮತ್ಯಾರದು?" ಎಂದಳು.

ಪ್ರಯೋಗಾಲಯದವರು ಸಂಶಯ ಬಂದರೆ ಮತ್ತೆ ನೋಡಲೆಂದು ಪ್ರತಿ ಮಾದರಿಯಲ್ಲೂ ಸ್ವಲ್ಪವನ್ನು ಕೆಲವು ವಾರ ಹೆಪ್ಪುಗಟ್ಟಿಸಿ ಇಡುತ್ತಾರೆ. ನ್ಯಾಯಾಧೀಶರಿಂದ ಆದೇಶ ಪಡೆದು ನೋಸ್‌ವರ್ದಿ ಅದನ್ನು ವಶಪಡಿಸಿಕೊಂಡ. ಮಹಜರು ಮಾಡಿ, ಡೀನಿಯ ರಕ್ತದ ಜೊತೆ ಡಿಎನ್‌ಎ ಪರೀಕ್ಷೆಗೆ ಕಳಿಸಿದ. ಮೇ ತಿಂಗಳ ಮಧ್ಯದಲ್ಲಿ ಉತ್ತರ ಬಂತು. ಮೂತ್ರ ಡೀನಿಯದಲ್ಲ. ಅವಳ ಒಡಹುಟ್ಟಿದ ಹೆಣ್ಣಿನದು. ಆ ಹೆಣ್ಣಿಗೆ ಕಾಯಿಲೆಯ ವಂಶವಾಹಿ ಇಲ್ಲ.

ಆಂಬ್ರೋಸ್ ಡಾಲ್ಟನ್‌ಗಿದ್ದದ್ದು ಇಬ್ಬರೇ ಹೆಣ್ಣುಮಕ್ಕಳು.

ಸರ್ಕಾರಿ ವಕೀಲರು ಕಡತ ಓದಿ, ಅಪರಾಧವಾಗುವಂಥ ನಿರ್ಲಕ್ಷ್ಯದಿಂದ ದೇಹಕ್ಕೆ ಹಾನಿ ಎಂಬ ಆರೋಪ ನಿಲ್ಲುತ್ತದೆಂದರು. ಬಂಧಿಸುವುದೊಂದೇ ಬಾಕಿ. ನೋಸ್‌ವರ್ದಿ ಆಸ್ಪತ್ರೆಗೆ ಹೋಗಿ ಡಾಕ್ಟರ್ ವಾಡನ್ ಅವರಿಗೆ ವಿಷಯ ತಿಳಿಸಿದ. ಅವರು ಕಿಟಕಿಯ ಬಳಿಗೆ ಹೋದರು.

"ದಿನಾ ಸಂಜೆ ಬರ್ತಾಳೆ. ಬಟಾಣಿ ಸಾರು ತರ್ತಾಳೆ. ಡೀನಿ ಅವಳ ಕೈಯಲ್ಲಾದ್ರೇನೇ ಉಣ್ಣೋದು," ಎಂದರು. ಆಮೇಲೆ ಅವನ ಕಡೆ ತಿರುಗಿದರು. "ಸಾರ್ಜೆಂಟ್, ಒಂದು ಬೇಡ್ಕೋತೀನಿ. ಈಗ ಹಿಡೀಬೇಡಿ."

"ಯಾಕೆ?"

"ಅಡ್ರಿನಲ್ ಗಂಟನ್ನ ಇನ್ನೂ ತೆಗೆದಿಲ್ಲ. ನಾಳ ಸಡಿಲ ಮಾಡೋ ಮಾತ್ರೆ ಕೊಟ್ಟು, ದಿನಾ ಸ್ವಲ್ಪ ಸ್ವಲ್ಪ ಹೆಚ್ಚಿಸ್ತಾ ಅವಳನ್ನ ಸಿದ್ಧ ಮಾಡ್ತಿದ್ದೀನಿ. ಇನ್ನೂ ಒಂದು ವಾರ ಬೇಕು. ಅಕ್ಕನ್ನ ಪೊಲೀಸ್ರು ಹಿಡ್ಕೊಂಡು ಹೋದ್ರು ಅಂತ ಇವತ್ತು ಕೇಳಿದ್ರೆ, ಅದು ಮಾತಲ್ಲ, ಅವಳ ನಾಳಕ್ಕೆ ಚುಚ್ಚಿದ ಇಂಜೆಕ್ಷನ್ನು. ಹೆದರಿಕೆ, ದುಃಖ ಎರಡೂ ಆ ಗಂಟಿಗೆ ಬೆಂಕಿಪೊಟ್ಟಣ ಇದ್ದ ಹಾಗೆ."

"ಕೋಲೆಟ್ ನಿಮ್ಮ ಮೇಲೆ ದೂರು ಬಿದ್ದಾಗ ಪಕ್ಕದಲ್ಲೇ ಕೂತಿದ್ದಳು ಡಾಕ್ಟ್ರೇ. ಬಾಯಿ ಬಿಡ್ಲಿಲ್ಲ."

"ಗೊತ್ತು. ನನ್ನ ಸಿಟ್ಟಿಗೆ ಒಂದು ವಾರ ಕಾಯೋ ತಾಳ್ಮೆ ಇದೆ. ಡೀನಿಯ ಹೃದಯಕ್ಕಿಲ್ಲ."

ನೋಸ್‌ವರ್ದಿ ಮೇಲಧಿಕಾರಿಗೆ ಬರೆದ. ಆರೋಪಿ ಓಡಿಹೋಗುವ ಸಂಭವವಿಲ್ಲ. ಬಂಧನದಿಂದ ಸಂತ್ರಸ್ತೆಯ ಜೀವಕ್ಕೆ ಅಪಾಯವಿದೆ. ವೈದ್ಯರ ಲಿಖಿತ ಅಭಿಪ್ರಾಯ ಲಗತ್ತಿಸಿದೆ. ಅನುಮತಿ ಸಿಕ್ಕಿತು. ಆ ವಾರ ರೋಂಡಾ ಸಾದಾ ಬಟ್ಟೆಯಲ್ಲಿ ವಾರ್ಡಿನ ಹೊರಗೆ ಕೂತಳು, ಕೋಲೆಟ್ ತರುವ ಸಾರಿನ ಪಾತ್ರೆಯ ಮೇಲೆ ಒಂದು ಕಣ್ಣಿಟ್ಟು. ಒಂದು ಸಂಜೆ ಕೋಲೆಟ್ ಅವಳ ಮುಂದೆ ನಿಂತು, "ನೀನೂ ಒಂದು ಲೋಟ ಕುಡಿ. ನೋಡ್ಕೊಂಡ ಹಾಗೂ ಆಯ್ತು, ಹೊಟ್ಟೆ ತುಂಬಿದ ಹಾಗೂ ಆಯ್ತು," ಎಂದಳು. ರೋಂಡಾ ಕುಡಿದಳು. ಸಾರು ಚೆನ್ನಾಗಿತ್ತು. ಠಾಣೆಗೆ ಬಂದು ಅದನ್ನು ವರದಿಯಲ್ಲಿ ಬರೆಯಲೋ ಬೇಡವೋ ಎಂದು ಕೇಳಿದಳು. ನೋಸ್‌ವರ್ದಿ ಬರಿ ಎಂದ.

ಎರಡನೆಯ ಶಸ್ತ್ರಚಿಕಿತ್ಸೆಯ ದಿನ ಅವನು ಕಾರಿಡಾರಿನಲ್ಲಿದ್ದ. ಬಾಗಿಲಿನ ಸಣ್ಣ ಗಾಜಿನಿಂದ ಡಾಕ್ಟರ್ ವಾಡನ್ ಅವರ ಬೆನ್ನು ಮಾತ್ರ ಕಾಣುತ್ತಿತ್ತು. ಹೊಟ್ಟೆಯ ಶಸ್ತ್ರಚಿಕಿತ್ಸೆಯ ನೋವಿಗೆ ಬೆನ್ನಿನಲ್ಲಿ ಸೂಜಿ ಹಾಕುವುದು ವಾಡಿಕೆ. ಇವರು ಮೊದಲೇ ಬೆನ್ನಿನ ಸ್ಕ್ಯಾನು ಮಾಡಿಸಿ, ಬೆನ್ನುಹುರಿಯ ಪಕ್ಕದಲ್ಲೂ ಗಂಟುಗಳಿರುವುದನ್ನು ಕಂಡು, ಆ ದಾರಿ ಬಿಟ್ಟಿದ್ದರೆಂದು ಪೈಕ್ ಆಮೇಲೆ ಹೇಳಿದ. ಈ ಕಾಯಿಲೆಯಿಂದಲೇ ಡೊಂಕಾಗಿದ್ದ ಡೀನಿಯ ಬೆನ್ನಿಗೆ ದಿಂಬುಗಳನ್ನು ಅವರೇ ಕೈಯಾರೆ ಹೊಂದಿಸಿದ್ದರು. ಸರ್ಜನ್ ಗಂಟನ್ನು ಮುಟ್ಟಿದಾಗಲೆಲ್ಲ ಒತ್ತಡ ಎದ್ದಿತು. ಎದ್ದಾಗಲೆಲ್ಲ ಅವರ ಕೈ ಅದಕ್ಕಿಂತ ಒಂದು ಕ್ಷಣ ಮುಂಚೆಯೇ ಮದ್ದಿನ ಮೇಲಿತ್ತು. ಗಂಟಿನ ರಕ್ತನಾಳ ಕಟ್ಟಿದ ಕೂಡಲೇ ಒತ್ತಡ ಪಾತಾಳಕ್ಕೆ ಬೀಳುತ್ತದೆ. ಅದಕ್ಕೂ ಅವರು ಮೊದಲೇ ಸಿದ್ಧರಾಗಿದ್ದರು. ಗಾಜಿನಾಚೆ ನಿಂತವನಿಗೆ ಇದೊಂದೂ ತಿಳಿಯಲಿಲ್ಲ. ಅವನಿಗೆ ಕಂಡದ್ದು, ಅಷ್ಟು ಹೊತ್ತಿನಲ್ಲಿ ಆ ಬೆನ್ನು ಒಮ್ಮೆಯೂ ಬೆಚ್ಚಲಿಲ್ಲವೆಂಬುದು. ಸರಿಯಾದ ಕೆಲಸ ಹೊರಗಿನಿಂದ ಏನೂ ನಡೆಯದ ಹಾಗೆ ಕಾಣುತ್ತದೆಯೆಂದು ನೋಸ್‌ವರ್ದಿಗೆ ಅನ್ನಿಸಿತು. ತನ್ನ ಇಲಾಖೆಯಲ್ಲಿ ಅಂಥದ್ದನ್ನು ಅವನು ಹೆಚ್ಚು ಕಂಡಿರಲಿಲ್ಲ.

ಹೊರಗೆ ಬಂದ ಡಾಕ್ಟರ್ ಗವುಸು ಬಿಚ್ಚಿ, ಮೊದಲು ಲಿಯಾಂಡರ್‌ನ ಬಳಿಗೆ ಹೋದರು.

"ಆಯ್ತಪ್ಪ. ಗಂಟು ಹೊರಗೆ ಬಂತು. ನಿನ್ನ ಹೆಂಡ್ತಿ ನನ್ನ ಜೋಕಿಗೆ ಬೈದು ಎದ್ದಿದ್ದಾಳೆ."

ಲಿಯಾಂಡರ್ ಎರಡು ಹೆಜ್ಜೆ ಮುಂದೆ ಬಂದ. ಆ ಗಿಡ್ಡ ಹೆಂಗಸನ್ನು ಏಡಿ ಬುಟ್ಟಿ ಎತ್ತುವವನಂತೆ ತಬ್ಬಿ ಎತ್ತಿಬಿಟ್ಟ. "ಇಳಿಸೋ," ಎಂದರು ಅವರು, "ಎಲುಬು ಹಳೇದು."

ನಾಲ್ಕು ದಿನ ಬಿಟ್ಟು ಡಾಕ್ಟರ್ ವಾಡನ್ ಠಾಣೆಗೆ ಫೋನು ಮಾಡಿದರು. "ಡೀನಿ ಈಗ ತಡ್ಕೋತಾಳೆ," ಎಂದಷ್ಟೇ ಹೇಳಿದರು.

ನೋಸ್‌ವರ್ದಿ ಮತ್ತು ರೋಂಡಾ ವಾರ್ಡಿಗೆ ಹೋದಾಗ ಸಂಜೆಯ ಬೆಳಕಿತ್ತು. ಕೋಲೆಟ್ ತಂಗಿಗೆ ಚಮಚದಲ್ಲಿ ಸಾರು ಕುಡಿಸುತ್ತಿದ್ದಳು. ಪೊಲೀಸರನ್ನು ಕಂಡು ಚಮಚ ಬಟ್ಟಲಿನಲ್ಲಿಟ್ಟು, ಡೀನಿಯ ಗಲ್ಲ ಒರೆಸಿದಳು.

"ನಾನೇ ಹೇಳ್ಲಾ?" ಎಂದು ನೋಸ್‌ವರ್ದಿಯನ್ನು ಕೇಳಿದಳು.

ಅವನು ಆಗಲಿ ಎಂದು ತಲೆಯಾಡಿಸಿದ. ಕೋಲೆಟ್ ಹೇಳಿದಳು. ಡಬ್ಬಿಯನ್ನು ಚೆಲ್ಲಿ ತನ್ನದನ್ನು ತುಂಬಿದ್ದು, ಫೋನಿನಲ್ಲಿ ಡೀನಿ ತಾನೇ ಎಂದದ್ದು, ಎಲ್ಲ. ಡೀನಿ ಅಲುಗದೆ ಕೇಳಿದಳು. ಪಕ್ಕದ ಯಂತ್ರದಲ್ಲಿ ಒತ್ತಡದ ಗೆರೆ ತುಸು ಏರಿ, ಮತ್ತೆ ಇಳಿದು, ತನ್ನ ಪಾಡಿಗೆ ಓಡಿತು. ಬಾಗಿಲಲ್ಲಿ ನಿಂತ ಡಾಕ್ಟರ್ ವಾಡನ್ ಅದನ್ನೇ ನೋಡುತ್ತಿದ್ದರು.

"ನನ್ನ ಕೇಳ್ಬೇಕಿತ್ತು ಕಣೆ," ಎಂದಳು ಡೀನಿ ಕೊನೆಗೆ. "ಇನ್ನೂ ಆರು ತಿಂಗಳು ಕಾಯ್ತೀಯಾ ಅಂತ. ಕಾಯ್ತಿದ್ದೆ."

"ನೀನೇ ತಾನೇ ಹೇಳಿದ್ದು, ಇನ್ನೊಂದ್ಸಲ ಮುಂದಕ್ಕೆ ಹಾಕಿದ್ರೆ ಆ ಕಡೆ ತಲೆ ಹಾಕಲ್ಲ ಅಂತ?"

"ಸಿಟ್ಟಲ್ಲಿ ಹೇಳಿದ್ದು. ಸಿಟ್ಟಲ್ಲಿ ನೂರು ಹೇಳ್ತೀನಿ. ನೀನಲ್ವಾ ನನ್ನ ಸಾಕಿದ್ದು, ನಿಂಗೆ ಗೊತ್ತಿರ್ಲಿಲ್ವಾ?"

ಕೋಲೆಟ್ ಎದ್ದು ಕೋಟು ಹಾಕಿಕೊಂಡಳು. ರೋಂಡಾ ಬೇಡಿ ತೆಗೆಯಲು ಹೋದಾಗ ನೋಸ್‌ವರ್ದಿ ಕಣ್ಣಿನಲ್ಲೇ ಬೇಡವೆಂದ. ಕೋಲೆಟ್ ಡಾಲ್ಟನ್‌ಳನ್ನು ಸಂಜೆ ಆರೂವರೆಗೆ ಬಂಧಿಸಿ, ಅವಳ ಹಕ್ಕುಗಳನ್ನು ಓದಿ ಹೇಳಿ, ಠಾಣೆಗೆ ಕರೆತರಲಾಯಿತು.

ವಕೀಲರೊಡನೆ ಮಾತಾಡಿದ ಮೇಲೆ ಅವಳು ಹೇಳಿಕೆ ಕೊಡಲು ಒಪ್ಪಿದಳು.

"ಶಸ್ತ್ರಚಿಕಿತ್ಸೆ ಎಷ್ಟು ಸಲ ಮುಂದಕ್ಕೆ ಹೋಗಿತ್ತು?"

"ಎರಡು ಸಲ. ಎರಡನೇ ಸಲ ಆದ್ಮೇಲೆ ಸ್ಕೂಲಿಗೆ ಹೋಗೋದು ಬಿಟ್ಲು. ಕಿಟಕಿ ಪರದೆ ತೆಗೀತಿರ್ಲಿಲ್ಲ."

"ಬೆವರು, ಎದೆಬಡಿತ, ಇವು ಕಾಯಿಲೆ ಇರಬಹುದು ಅಂತ ನಿಮಗೆ ಅನ್ನಿಸಿತ್ತಾ?"

"ಅನ್ನಿಸಿತ್ತು. ಡಾಕ್ಟ್ರು ಕೊಟ್ಟ ಪುಸ್ತಕದಲ್ಲಿ ಹಂಗೇ ಇತ್ತು. ಪರೀಕ್ಷೇಲಿ ಏನಾದ್ರೂ ಬಂದ್ರೆ ಆಪರೇಷನ್ ತಿಂಗಳುಗಟ್ಟಲೆ ಹೋಗುತ್ತೆ ಅಂತಾನೂ ಇತ್ತು. ಮೊದಲು ಮುಖದ್ದು ಆಗ್ಲಿ, ಆಮೇಲೆ ನೋಡೋಣ ಅಂದ್ಕೊಂಡೆ."

"ಡಾಕ್ಟರ್ ಮೇಲೆ ದೂರು ಕೊಡುವಾಗ ಯಾಕೆ ಸುಮ್ಮನಿದ್ರಿ?"

"ಅವರ ಮೇಲೆ ಬಿದ್ರೆ ನನ್ನ ಮೇಲೆ ಬೀಳಲ್ಲ ಅಂತ. ಅದಕ್ಕೆ ಬೇರೆ ಕಾರಣ ಇಲ್ಲ."

ನೋಸ್‌ವರ್ದಿ ಬರೆದುಕೊಂಡ. ಕೊನೆಯ ಸಾಲಿಗೆ ಬಂದಾಗ, ತನ್ನ ಹಲವು ವರ್ಷಗಳ ಅಭ್ಯಾಸದಂತೆ, 'ತಂಗಿಯ ಮೇಲಿನ ಪ್ರೀತಿಯಿಂದ ಹೀಗೆ ಮಾಡಿದೆ' ಎಂದು ಬರೆಯಲೇ ಎಂದು ಕೇಳಿದ. ನ್ಯಾಯಾಲಯದಲ್ಲಿ ಅದು ಅವಳಿಗೆ ಒಳ್ಳೆಯದು ಮಾಡುತ್ತಿತ್ತು.

ಕೋಲೆಟ್ ಮೇಜಿನ ಮೇಲಿನ ತನ್ನ ಕೈಗಳನ್ನು ನೋಡಿಕೊಂಡಳು. ಒಂದೂ ಗಂಟಿಲ್ಲದ, ಅಡುಗೆಮನೆಯ ಬಿಸಿನೀರಿನಲ್ಲಿ ಕೆಂಪಾದ ಕೈಗಳು.

"ಪ್ರೀತೀನೂ ಇತ್ತು," ಎಂದಳು. "ಅದೊಂದನ್ನೇ ಬರೀಬೇಡಿ. ಇಪ್ಪತ್ತೈದು ವರ್ಷದಿಂದ ಅವಳ ಜೊತೆ ಆಸ್ಪತ್ರೆ ಬೆಂಚ್ ಮೇಲೆ ಕೂತಿದ್ದೀನಿ ಸಾರ್ಜೆಂಟ್. ನಂಗೂ ಸಾಕಾಗಿತ್ತು."

ಅವನು ಹಾಗೆಯೇ ಬರೆದ. ಅವಳು ಓದಿ, ಸಹಿ ಹಾಕಿದಳು.